ಎದುರುಮನೆ ಅಕ್ಕನ ಹೆಬ್ಬೆಟ್ಟು

ತವರಿನ ಹೊಲದಲ್ಲಿ ಎದುರುಮನೆಯ ಅಕ್ಕನಿಗಿದ್ದ ಪಾಲನ್ನು ತನ್ನ ಹೆಸರಿಗೆ ಬಿಡಿಸಿಕೊಳ್ಳಲು ಆಕೆಯ ತಮ್ಮ ಹಬ್ಬಕ್ಕೊಮ್ಮೆ ಗುಮ್ಮಘಟ್ಟದಿಂದ ಬಂದು, ಸೀರೆ ಕೊಟ್ಟು ಉಡಿ ತುಂಬುತ್ತಿದ್ದ. ಸೀರೆ ಹಸಿರೋ ನೀಲಿಯೋ, ನನ್ನ ನೆನಪನ್ನು ನಾನೇ ನಂಬುವುದಿಲ್ಲ. ಅವನು ಹೆಬ್ಬೆಟ್ಟು ಒತ್ತಿಸಲು ಕಾಗದ ತೆಗೆದೊಡನೆ ಆಕೆ ಹಿಟ್ಟಿಗೆ ಕೈ ಹಾಕುತ್ತಿದ್ದುದು ಮಾತ್ರ ಖಾತ್ರಿ.

"ಕೈ ಹಿಟ್ಟಾಗೈತೋ ತಮ್ಮಾ, ಮುಂದಿನ ಸಲ ನೋಡೋಣು."

ಕಡೆಗೊಂದು ದಿನ ಅವನೇ ಅಕ್ಕನ ಕೈ ತೊಳೆಸಿ, ಕಾರಿನಲ್ಲಿ ಕೂರಿಸಿ, ರಾಯದುರ್ಗದ ರಿಜಿಸ್ಟ್ರಾರ್ ಕಚೇರಿಗೆ ಕರೆದೊಯ್ದ. ನಾನು ಸಾಕ್ಷಿಯಾಗಿ ಹೋಗಿದ್ದೆ.

"ಪಾಲು ಬಿಡಾಕ ಒಪ್ಪಿಗಿ ಐತೇನಮ್ಮಾ?" ಅಧಿಕಾರಿ ಕೇಳಿದರು.

"ಇಲ್ರೀ," ಎಂದಳು ಅಕ್ಕ. "ಹೆಬ್ಬೆಟ್ಟು ಒತ್ತಕ್ಕಾ ಅಂತಿದ್ದ ಇವ. ಒಪ್ಪಿಗಿ ಐತೇನು ಅಂತ ಕೇಳಿದವರು ನೀವ ಮೊದಲು."

ತಮ್ಮ ಕಾಗದ ಮಡಚತೊಡಗಿದ. ಅಕ್ಕ ಆಗಲೇ ಹೊರಗೆ ಹೋಗಿ ಕಾರಿನಲ್ಲಿ ಕೂತಿದ್ದಳು.

"ಬಾರೋ, ಹೊಲಕ್ಕ ಹೋಗೋಣು. ನನ್ನ ಪಾಲು ಎಲ್ಲಿಂದ ಎಲ್ಲೀತನಕ ಅಂತ ತೋರಿಸು."