ಕೇಳಿ ಮಾಡಿಸಿಕೊಂಡ ಹಳದಿ ಬಟ್ಟೆ

ಮೊದಲೇ ಹೇಳಿಬಿಡುತ್ತೇನೆ, ನನಗೆ ಹಟ ಜಾಸ್ತಿ. ಧಾರವಾಡದಲ್ಲಿರುವ ಅವ್ವ ಅದಕ್ಕೆ ಮೊಂಡುತನ ಅನ್ನುತ್ತಾಳೆ. ಮೈಸೂರಿನವನಾದ ನನ್ನ ಗಂಡ, "ನಿಂದು ಬ್ರೇಕ್ ಇಲ್ಲದ ಗಾಡಿ ಕಣೇ" ಅನ್ನುತ್ತಾನೆ. ಯಾರು ಏನಾದರೂ ಅಂದುಕೊಳ್ಳಲಿ. ಈ ಡಚ್ಚರ ದೇಶದ ಡೀಮೆನ್ ಊರಿನಲ್ಲಿ ನಮ್ಮ ಪಕ್ಕದ ಮನೆಯ ಇಬುಗೆ ನಾನು ಆ ಹಳದಿ ಬಟ್ಟೆ ಮಾಡಿಕೊಟ್ಟದ್ದು ಆ ಹಟದಿಂದಲೇ.

ಇಬು ಎಂಬುದು ಹೆಸರಲ್ಲ. ಇಂಡೋನೇಷ್ಯಾ ಕಡೆ ಹಿರಿಯ ಹೆಂಗಸರನ್ನು ಹಾಗೆ ಕರೆಯುತ್ತಾರೆ, ನಾವು ಅಮ್ಮಾ ಅನ್ನುವ ಹಾಗೆ. ಅವರು ಬೋರ್ನಿಯೊ ದ್ವೀಪದ ದಕ್ಷಿಣ ಭಾಗದ ಬಂಜಾರ್ ಜನ. ನಮ್ಮ ಕಡೆಯ ಲಂಬಾಣಿ ಬಂಜಾರರಿಗೂ ಇವರಿಗೂ ಯಾವ ಸಂಬಂಧವೂ ಇಲ್ಲ. ನಾನೂ ಮೊದಲು ಸಂಬಂಧ ಇದೆ ಅಂದುಕೊಂಡು ಪೆದ್ದಿಯಾಗಿದ್ದೆ. ಇಬು ಮದುವೆಯಾಗಿ ಇಲ್ಲಿಗೆ ಬಂದು ಐವತ್ತು ವರ್ಷದ ಮೇಲಾಗಿದೆ. ಗಂಡ ತೀರಿಕೊಂಡಿದ್ದಾರೆ. ಒಬ್ಬಳೇ ಮಗಳು ನೈಮೆಗನ್‌ನಲ್ಲಿ ಚಿಪ್ ಮಾಡುವ ಕಂಪನಿಯಲ್ಲಿದ್ದಾಳೆ.

ನಮ್ಮ ಪರಿಚಯವಾದದ್ದು ಲಿಫ್ಟಿನಲ್ಲಿ. ಯುಗಾದಿಗೆ ಕನ್ನಡದವರೆಲ್ಲ ಸೇರುವ ಕಡೆ ಹೊರಟಿದ್ದೆ, ಅವ್ವ ಕಸೂತಿ ಹಾಕಿದ ಕಪ್ಪು ಸೀರೆ ಉಟ್ಟಿದ್ದೆ. ಈ ಊರಿನಲ್ಲಿ ಸೀರೆ ಉಟ್ಟರೆ 'ಬ್ಯೂಟಿಫುಲ್' ಅನ್ನದವರಿಲ್ಲ. ಇಬು ಅದೊಂದನ್ನೂ ಅನ್ನಲಿಲ್ಲ. ಸೀದಾ ಸೆರಗಿನ ತುದಿ ಹಿಡಿದು ತಿರುಗಿಸಿ ಹಿಂಭಾಗವನ್ನು ನೋಡಿದರು. ಮುಂಭಾಗದ ಹಾಗೇ ಹಿಂಭಾಗವೂ ಇತ್ತು. "ಗಂಟು ಎಲ್ಲಿ?" ಎಂದು ಕೇಳಿದರು. ಗಂಟು ಹಾಕುವುದಿಲ್ಲ, ಇದರಲ್ಲಿ ಹಾಕಬಾರದು ಅಂದೆ. ಲಿಫ್ಟು ಕೆಳಗೆ ಮುಟ್ಟಿದರೂ ಬಿಡದೆ ಮತ್ತೊಮ್ಮೆ ತಿರುಗಿಸಿ ನೋಡಿದರು. ಹೊಲಿಗೆ ಗೊತ್ತಿದ್ದವರು ಮಾತ್ರ ಮೊದಲು ಹಿಂಭಾಗ ನೋಡುತ್ತಾರೆ.

ಮಾರನೇ ದಿನ ಕರೆದು ತಮ್ಮ ಪೆಟ್ಟಿಗೆ ತೆರೆದರು. ಅವರ ಬಟ್ಟೆಗೆ ಸಸಿರಂಗನ್ ಎಂದು ಹೆಸರು. ಬಿಳಿ ಬಟ್ಟೆಯ ಮೇಲೆ ಗೆರೆ ಬರೆದು, ಆ ಗೆರೆಯುದ್ದಕ್ಕೂ ಓಡುಹೊಲಿಗೆ ಹಾಕಿ, ದಾರವನ್ನು ಬಿಗಿಯಾಗಿ ಜಗ್ಗಿ, ಬಟ್ಟೆ ಮುದ್ದೆಯಾದ ಮೇಲೆ ಬಣ್ಣಕ್ಕೆ ಹಾಕುವುದು. ಜಗ್ಗಿ ಕಟ್ಟಿದ ಕಡೆ ಬಣ್ಣ ಹೋಗುವುದಿಲ್ಲ. ದಾರ ಬಿಚ್ಚಿದರೆ ಅಲ್ಲೆಲ್ಲ ಬಿಳಿ ಗೆರೆ. ನೋಡಿದರೆ ನಮ್ಮ ಕಸೂತಿಯ ಹೊಲಿಗೆಯೂ ಅದೇ, ಸೂಜಿ ಮೇಲೆ ಕೆಳಗೆ ಓಡುವುದಷ್ಟೇ. "ಅಯ್ಯ, ಇದೇನು ಮಹಾ!" ಅಂದುಕೊಂಡೆ ನಾನು.

ಅದೇ ಬಟ್ಟೆಯನ್ನು ಕಾಯಿಲೆಯವರಿಗೆಂದು ಮಾಡಿದರೆ ಅದಕ್ಕೆ ಪಮಿಂತಾನ್ ಎನ್ನುತ್ತಾರಂತೆ. ಕೇಳಿ ಮಾಡಿಸಿಕೊಂಡದ್ದು ಎಂದು ಅರ್ಥ. ಒಂದೊಂದು ಕಾಯಿಲೆಗೆ ಒಂದೊಂದು ಬಣ್ಣ, ಕಾಮಾಲೆಗೆ ಹಳದಿ. ಇಬು ಮನೆತನದಲ್ಲಿ ಅದಕ್ಕೆ ಕಟ್ಟುನಿಟ್ಟು: ಕಾಯಿಲೆ ಬಿದ್ದವರೇ ಬಾಯಿಬಿಟ್ಟು ಕೇಳಬೇಕು, ಒಬ್ಬಳೇ ಹೊಲಿಯಬೇಕು, ದಾರವನ್ನು ಕೇಳಿದವರೇ ಬಿಚ್ಚಬೇಕು. ಮತ್ತೆ, ಎಂಥಾ ಕೈಯಾದರೂ ತನ್ನ ಕಾಯಿಲೆಗೆ ತಾನೇ ಮಾಡಿಕೊಳ್ಳುವ ಹಾಗಿಲ್ಲ.

ಮುಂದಿನ ವರ್ಷದ ಫೆಬ್ರವರಿಯಲ್ಲಿ ಒಂದು ಬೆಳಿಗ್ಗೆ ಇಬುವಿನ ಕಣ್ಣು ನೋಡಿದೆ. ಬಿಳಿಯಿರಬೇಕಾದ ಕಡೆ ಹಳದಿ. ವಾರದಿಂದ ಊಟ ಸೇರುತ್ತಿಲ್ಲ, ಮೈಯೆಲ್ಲ ತುರಿಕೆ ಅಂದರು. ಅವ್ವ ಫೋನಿನಲ್ಲೇ, "ಕಾಮಣಿ ಆಗೇತಿ ಅಕಿಗೆ, ಬೇರಿನ ಔಷಧ ಕೊಡಸು" ಎಂದು ಶುರು ಮಾಡಿದಳು. ಸುಮ್ಮನಿರು ಮಾರಾಯ್ತಿ ಎಂದು ಇಬುವನ್ನು ಹೌಸಾರ್ಟ್ಸ್ ಹತ್ತಿರ ಕರೆದುಕೊಂಡು ಹೋದೆ. ಇಲ್ಲಿ ಏನೇ ಆದರೂ ಮೊದಲು ಆ ಮನೆಡಾಕ್ಟರೇ ನೋಡಬೇಕು. ಅವರು ಆಸ್ಪತ್ರೆಗೆ ಕಳಿಸಿದರು. ಪಿತ್ತನಾಳಕ್ಕೆ ಕಲ್ಲು ಅಡ್ಡ ಬಂದಿದೆ, ಮುಂದಿನ ಶುಕ್ರವಾರ ಆಪರೇಷನ್, ಮುಂದೆ ಹಾಕಿದರೆ ಸೋಂಕು ರಕ್ತಕ್ಕೆ ಹೋಗಬಹುದು, ಜೀವಕ್ಕೇ ಕಷ್ಟ ಎಂದು ಡಾಕ್ಟರು ಬಿಡಿಸಿ ಹೇಳಿದರು.

ಮನೆಗೆ ಬಂದು ಕೋಟು ಬಿಚ್ಚುತ್ತ ಇಬು ಹೇಳಿದರು, "ಬಟ್ಟೆ ಇಲ್ಲದೆ ನಾನು ಹೋಗಲ್ಲ."

"ಯಾವ ಬಟ್ಟೆ?" ಅಂದೆ. ಗೊತ್ತಿದ್ದೂ ಕೇಳಿದೆ.

"ಹಳದಿ ಬಟ್ಟೆ. ನಿನ್ನನ್ನು ಕೇಳ್ತಾ ಇದ್ದೀನಿ. ಮಾಡಿಕೊಡ್ತೀಯಾ?"

ಮಗಳ ಹೆಸರು ಅವರ ಬಾಯಿಗೆ ಬರಲೇ ಇಲ್ಲ, ನಾನೂ ಎತ್ತಲಿಲ್ಲ. ಬಟ್ಟೆಯಿಂದ ಕಲ್ಲು ಕರಗುತ್ತದೆ ಎಂದು ನಾನು ನಂಬುವವಳಲ್ಲ. ಆದರೆ ಆ ಹಳದಿ ಕಣ್ಣು ನನ್ನನ್ನೇ ನೋಡುತ್ತಿತ್ತು. ಮಾಡಿಕೊಡ್ತೀನಿ ಅಂದೆ.

ಅವತ್ತು ಬುಧವಾರ. ನನ್ನ ಕೈಯಲ್ಲಿ ಒಂಬತ್ತು ದಿನ. ಇಬು ಹಾಸಿಗೆಯಲ್ಲೇ ಕೂತು ಬಟ್ಟೆಯ ಮೇಲೆ ಪೆನ್ಸಿಲಿನಲ್ಲಿ ಗೆರೆ ಹಾಕಿಕೊಟ್ಟರು, ಅವರ ಹೊಳೆಯಲ್ಲಿ ಸಿಗುವ ಒಂದು ಮೀನಿನ ಹಲ್ಲಿನ ಸಾಲು, ಮೇಲೆ ಕೆಳಗೆ, ಮೇಲೆ ಕೆಳಗೆ. ನಾನು ಸ್ಲೋಟರ್‌ಡೈಕ್‌ನ ಆಫೀಸಿಗೆ ಹೋಗುವಾಗ ಮೆಟ್ರೋದಲ್ಲಿ, ಮಧ್ಯಾಹ್ನ ಊಟದ ಹೊತ್ತಿನಲ್ಲಿ, ಶನಿವಾರ ಭಾನುವಾರ ಇಡೀ ದಿನ ಹೊಲಿದೆ. ಅಕ್ಕಿಕಾಳಿಗಿಂತ ಸಣ್ಣ ಹೊಲಿಗೆ. ಇಬುಗೆ ತೋರಿಸಿದರೆ, "ಎಷ್ಟು ಚಂದ ಹೊಲಿದಿದ್ದೀಯ" ಎಂದು ಬೆರಳಾಡಿಸಿದರು. ನಿತ್ರಾಣವಿತ್ತು, ಕಣ್ಣು ಮುಚ್ಚಿಕೊಂಡೇ ಹೇಳಿದ್ದು. ನಾನು ಉಬ್ಬಿಹೋದೆ. ಭಾನುವಾರ ಸಂಜೆ ದಾರ ಜಗ್ಗಿ, ಅವ್ವ ಊರಿನಿಂದ ಕಳಿಸಿದ್ದ ಅರಿಶಿನಕ್ಕೆ ಪಟಿಕ ಹಾಕಿ ಕುದಿಸಿ, ಬಟ್ಟೆ ಮುಳುಗಿಸಿದೆ.

ಸೋಮವಾರ ಎತ್ತಿದರೆ ಮುದ್ದೆ ತಾನೇ ಬಿಚ್ಚಿಕೊಂಡಿತ್ತು, ನೋಡಿದರೆ ಏನಿದೆ? ಅಂಚಿನಿಂದ ಅಂಚಿಗೆ ಬರೀ ಹಳದಿ. ಒಂದು ಗೆರೆ ಇಲ್ಲ, ಒಂದು ಹಲ್ಲಿಲ್ಲ. ಬಿಸಿನೀರಿನಲ್ಲಿ ದಾರವೆಲ್ಲ ಸಡಿಲಾಗಿ ಬಣ್ಣ ಒಳಗೆ ನುಗ್ಗಿತ್ತು. ಗಂಟೇ ಹಾಕಿರಲಿಲ್ಲ ನಾನು! ದಾರದ ತುದಿಯನ್ನು ಕಸೂತಿಯವರ ಅಭ್ಯಾಸದಂತೆ ಹೊಲಿಗೆಯೊಳಗೇ ಹಿಂದಕ್ಕೆ ಓಡಿಸಿ ಮುಗಿಸಿದ್ದೆ. ಗಂಟಿಲ್ಲದೆ ಯಾರಾದರೂ ಜಗ್ಗುತ್ತಾರೆಯೇ ಅಂದುಕೊಂಡು ಇಬು ಹೇಳಿರಲಿಲ್ಲ, ಗಂಟು ಹಾಕಬೇಕೇ ಎಂದು ನಾನು ಕೇಳಿರಲಿಲ್ಲ. ಅಡಿಗೆಮನೆಯ ನೆಲದ ಮೇಲೆ ಕೂತು ಅತ್ತೆ, ಸಿಟ್ಟಿಗೆ.

ಸಿಟ್ಟು ತೀರಿಸಿಕೊಳ್ಳಲು ಅವ್ವನಿಗೆ ಫೋನು ಹಚ್ಚಿದೆ. "ನಿನ್ನಿಂದಾನ ಆಗಿದ್ದು ಇದೆಲ್ಲಾ! ಗಂಟ ಹಾಕಿದ್ರ ಕೈ ಮ್ಯಾಲೆ ಹೊಡೀತಿದ್ದೆಲ್ಲ, ನೋಡೀಗ!"

ಅವ್ವ ಬಿದ್ದು ಬಿದ್ದು ನಕ್ಕಳು. "ಹೌದವಾ, ಹೊಡದೀನಿ. ಕಸೂತಿಗೆ ಗಂಟು ಹಾಕಿದ್ರ ಈಗೂ ಹೊಡೀತೀನಿ. ಅದು ಅಕಿ ಬಟ್ಟಿ, ಅಕಿ ಹೇಳಿಧಂಗ ಮಾಡು. ಎಷ್ಟ ದಿನಾ ಉಳದಾವು?"

"ಮೂರ ದಿನಾ."

"ಮತ್ತ ಫೋನ್ಯಾಗ ಯಾಕ ಕುಂತೀ? ಏಳು!"

ಏಳುವಷ್ಟರಲ್ಲಿ ಇನ್ನೊಂದು ಫೋನು ಬಂತು. ಇಬುವಿನ ಮಗಳು. ಅವಳು ಡಚ್‌ನಲ್ಲಿ ಗಡಗಡ ಮಾತಾಡಿದಳು, ಸಿಟ್ಟಿನಲ್ಲಿದ್ದಳು. "ನೀವು ಬಟ್ಟೆ ಮಾಡಿಕೊಡ್ತೀನಿ ಅಂದಿದ್ದಕ್ಕೇ ಅಮ್ಮ ಹಟ ಹಿಡಿದಿರೋದು. ಆಗಲ್ಲ ಅಂದಿದ್ದರೆ ಸುಮ್ಮನೆ ಹೊರಡ್ತಿದ್ದರು. ಶುಕ್ರವಾರ ಅವರು ಆಸ್ಪತ್ರೆಗೆ ಹೋಗದೆ ಏನಾದರೂ ಆದರೆ ಯಾರು ಹೊಣೆ?"

ನನ್ನ ನಾಲಿಗೆ ತುದಿಗೆ ಏನೇನೋ ಬಂತು. ತಡೆದುಕೊಂಡೆ, ಯಾಕೆಂದರೆ ಅವಳು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ನನ್ನ ಕೈಯಲ್ಲಾಗದೆ ಇಬು ಮನೆಯಲ್ಲೇ ಉಳಿದುಬಿಟ್ಟರೆ? "ಶುಕ್ರವಾರ ಬೆಳಿಗ್ಗೆ ಬಟ್ಟೆ ಅವರ ಕೈಯಲ್ಲಿರುತ್ತೆ" ಎಂದಷ್ಟೇ ಹೇಳಿ ಇಟ್ಟೆ.

"ರಿಸ್ಕ್ ತಗೋಬೇಡ ಕಣೇ, ಅಂಗಡಿಯಿಂದ ಒಂದು ಯೆಲ್ಲೋ ಬಟ್ಟೆ ತಂದುಕೊಟ್ಬಿಡು, ಅವರಿಗೇನ್ ಗೊತ್ತಾಗುತ್ತೆ?" ಅಂದ ಗಂಡ. ನಾನು ನೋಡಿದ ನೋಟಕ್ಕೆ ಎದ್ದು ಹೋಗಿ ಸಾರಿಗೆ ಒಗ್ಗರಣೆ ಹಾಕತೊಡಗಿದ.

ಮಂಗಳವಾರದಿಂದ ಶುಕ್ರವಾರದವರೆಗೆ ರಜೆ ಹಾಕಿದೆ. ಇಬುವಿನ ಹಾಸಿಗೆ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ಕೂತೆ. ಕೆಟ್ಟ ಬಟ್ಟೆಯನ್ನು ತೋರಿಸಿದಾಗ ಅವರು ಬಯ್ಯಲಿಲ್ಲ. ಮಡಿಸಿ ಬದಿಗಿಟ್ಟು, ಹೊಸ ಬಟ್ಟೆಯ ಮೇಲೆ ಮತ್ತೆ ಗೆರೆ ಎಳೆದರು. ಕೈ ನಡುಗಿ ಹಲ್ಲುಗಳು ಸೊಟ್ಟಗಾದವು. ಈ ಸಲ ದಾರ ಎರಡೆಳೆ, ತುದಿಗೆ ಮೆಣಸಿನಕಾಳಿನಷ್ಟು ದಪ್ಪ ಗಂಟು. ಮೊದಲ ಗಂಟು ಹಾಕುವಾಗ ಅವ್ವ ಹಿಂದೆ ನಿಂತು ನೋಡುತ್ತಿದ್ದಾಳೆ ಅನ್ನಿಸಿತು. ಹೊಲಿ, ಜಗ್ಗು, ಕಟ್ಟು. ಇಬು ಮಲಗಿದಲ್ಲಿಂದಲೇ, "ಇನ್ನೂ ಜಗ್ಗು" ಅನ್ನುತ್ತಿದ್ದರು. ಜಗ್ಗಿದೆ. "ಇನ್ನೂ." ದಾರ ಕೊಯ್ದು ಎರಡು ಬೆರಳಿನ ಚರ್ಮ ಕಿತ್ತುಬಂತು, ಪ್ಲಾಸ್ಟರ್ ಸುತ್ತಿಕೊಂಡು ಮತ್ತೆ ಜಗ್ಗಿದೆ. ಈ ಮುದುಕಿ ಆಸ್ಪತ್ರೆಗೆ ಹೋಗಲೇಬೇಕು ಎನ್ನುವುದೊಂದೇ ತಲೆಯಲ್ಲಿತ್ತು.

ಗುರುವಾರ ಬೆಳಿಗ್ಗೆ ಅರಿಶಿನದಲ್ಲಿ ಅದ್ದಿದೆ. ಅಷ್ಟು ಬಿಗಿದ ಮುದ್ದೆ ಈ ದೇಶದ ಫೆಬ್ರವರಿಯಲ್ಲಿ ಒಣಗಬೇಕಲ್ಲ! ಹೀಟರಿನ ಮೇಲಿಟ್ಟೆ, ತಿರುಗಿಸಿದೆ, ಮತ್ತೆ ಇಟ್ಟೆ. ಸಂಜೆ ಗಂಡ ಆಫೀಸಿನಿಂದ ಬಂದವನೇ ನನ್ನ ಹೇರ್ ಡ್ರೈಯರ್ ತಂದು ಅದರ ಮುಂದೆ ಕೂತ. "ಇಪ್ಪತ್ತು ವರ್ಷದ ಐಟಿ ಎಕ್ಸ್‌ಪೀರಿಯನ್ಸು, ನೋಡು ಎಲ್ಲಿಗೆ ಬಂತು" ಅಂದ. ಅವನ ಮೇಲಿದ್ದ ಕೋಪ ಇಳಿಯಿತು.

ಶುಕ್ರವಾರ ಬೆಳಿಗ್ಗೆ ಮುದ್ದೆಯನ್ನು ಇಬುವಿನ ಮಡಿಲಲ್ಲಿಟ್ಟು ಸಣ್ಣ ಕತ್ತರಿ ಕೊಟ್ಟೆ. ಮಗಳೂ ನೈಮೆಗನ್‌ನಿಂದ ಬಂದಿದ್ದಳು, ಕಾರಿನ ಕೀಲಿ ಹಿಡಿದು ಬಾಗಿಲಲ್ಲೇ ನಿಂತಿದ್ದಳು. ನನ್ನ ಜೊತೆ ಮಾತಿಲ್ಲ. ಇಬು ಮೊದಲ ಗಂಟು ಕತ್ತರಿಸಿ ದಾರ ಎಳೆದರು. ಬಟ್ಟೆ ಬಿಚ್ಚಿಕೊಂಡಿತು. ಬೆಳ್ಳನೆಯ ಹಲ್ಲಿನ ಸಾಲು! ಸೊಟ್ಟ ಸೊಟ್ಟ, ಆದರೆ ಬಿಳಿ. ನಾನು ಕಿರುಚಿಯೇಬಿಟ್ಟೆ. ಎರಡನೇ ಸಾಲು ಬಿಚ್ಚಿದರು, ಮೂರನೆಯದು. ನಾಲ್ಕನೆಯದಕ್ಕೆ ಕತ್ತರಿ ಇಟ್ಟು ನಿಲ್ಲಿಸಿದರು.

"ಉಳಿದದ್ದು ಬಂದ ಮೇಲೆ" ಎಂದು ಅರ್ಧ ಬಿಚ್ಚಿದ ಬಟ್ಟೆಯನ್ನು ಹೊಟ್ಟೆಗೆ ಸುತ್ತಿಕೊಂಡು, ಅದರ ಮೇಲೆ ಕೋಟು ಹಾಕಿಕೊಂಡು ಎದ್ದರು.

ಆಸ್ಪತ್ರೆಯಲ್ಲಿ ಒಳಗೆ ಕರೆದೊಯ್ಯುವ ಮುಂಚೆ ನರ್ಸು ಅದನ್ನು ಬಿಚ್ಚಿಸಿ ನನ್ನ ಕೈಗೆ ಕೊಟ್ಟಳು. ನಾನು ಮಗಳ ಕೈಗೆ ಕೊಟ್ಟೆ. ಬೇಡ ಅನ್ನುತ್ತಾಳೇನೋ ಅಂದುಕೊಂಡೆ, ತೆಗೆದುಕೊಂಡಳು. ನಾವಿಬ್ಬರೂ ಒಂದು ಕುರ್ಚಿ ಬಿಟ್ಟು ಕೂತೆವು. ಸ್ವಲ್ಪ ಹೊತ್ತಿಗೆ ಅವಳು ಬಟ್ಟೆಯ ಮುದ್ದೆಯನ್ನು ತಿರುಗಿಸಿ ತಿರುಗಿಸಿ ನೋಡತೊಡಗಿದಳು, ನನ್ನ ಬೆರಳಿನ ಪ್ಲಾಸ್ಟರುಗಳನ್ನೂ ನೋಡಿದಳು. ಮೂರು ಗಂಟೆ ಕಳೆದ ಮೇಲೆ ಡಾಕ್ಟರು ಬಂದು, ಎಲ್ಲ ಸರಿಯಾಯಿತು, ಎಚ್ಚರವಾಗುತ್ತಿದೆ ಅಂದರು. ಮಗಳು ನನ್ನ ತೋಳು ಹಿಡಿದುಕೊಂಡಳು, ಯಾರ ತೋಳೆಂದು ಅವಳಿಗೆ ಗೊತ್ತಿತ್ತೋ ಇಲ್ಲವೋ.

ಇಬು ಬಾಡಿ ಮಲಗಿದ್ದರು. ಕಣ್ಣು ಇನ್ನೂ ಹಳದಿಯೇ, ಅದು ಇಳಿಯಲು ದಿನ ಹಿಡಿಯುತ್ತದಂತೆ. ಮಗಳು ಬಟ್ಟೆಯನ್ನು ಅವರ ಎದೆಯ ಮೇಲಿಟ್ಟಳು. ನೀರು ಬೇಕಾ, ನೋವಿದೆಯಾ ಎಂದು ಏನಾದರೂ ಕೇಳುತ್ತಾಳೆ ಅಂದುಕೊಂಡೆ.

"ನನ್ನನ್ನು ಯಾಕೆ ಕೇಳಲಿಲ್ಲ, ಅಮ್ಮ?" ಅಂದಳು. "ನನಗೆ ಬರಲ್ಲ, ಸರಿ. ಅವರಿಗೂ ಬರ್ತಿರಲಿಲ್ಲ. ಆದರೂ ನೀನು ಅವರನ್ನು ಕೇಳಿದೆ. ನನ್ನನ್ನು ಕೇಳಲಿಲ್ಲ."

ಇಬು ನನ್ನ ಕಡೆ ಬೆರಳು ತೋರಿಸಿ ಮೆಲ್ಲಗೆ ಹೇಳಿದರು. "ಇವಳು ಆಗಲ್ಲ ಅಂದಿದ್ದರೆ, ಹೋಗಲಿ, ಪಕ್ಕದ ಮನೆಯವಳು ತಾನೇ ಅಂದುಕೊಂಡು ಬಟ್ಟೆ ಇಲ್ಲದೇನೇ ಬಂದು ಇಲ್ಲಿ ಮಲಗ್ತಿದ್ದೆ. ನೀನು ಆಗಲ್ಲ ಅಂದಿದ್ದರೆ ನಾನು ಹೇಗೆ ಬರಲಿ?"

ಪಕ್ಕದ ಮನೆಯವಳು ಅಂದದ್ದು ನನಗೆ ಚುಚ್ಚಿತು, ಸುಳ್ಳು ಯಾಕೆ ಹೇಳಲಿ. ಬೆರಳು ಕೊಯ್ದುಕೊಂಡು, ಜೀವ ಕೈಯಲ್ಲಿ ಹಿಡಿದುಕೊಂಡು ಜಗ್ಗಿದವಳು ನಾನು. ಈ ಮುದುಕಿ ಹೇಗೂ ಬರುವವಳೇ ಆಗಿದ್ದಳು! ಬಾಯಿ ತೆರೆದೆ. ಅಷ್ಟರಲ್ಲಿ ಮಗಳು ತಾಯಿಯ ಅಂಗೈಯನ್ನು ಎಳೆದು ಮುಖಕ್ಕೆ ಒತ್ತಿಕೊಂಡಳು, ಭುಜ ಕುಲುಕುತ್ತಿತ್ತು. ನಾನು ಬಾಯಿ ಮುಚ್ಚಿದೆ.

ಇಬು ಇನ್ನೊಂದು ಕೈಯಿಂದ ಬಟ್ಟೆಯನ್ನು ಅವಳ ಕಡೆ ನೂಕಿದರು. "ನನ್ನ ಕೈಯಲ್ಲಿ ಶಕ್ತಿ ಇಲ್ಲ. ನೀನು ಬಿಚ್ಚಿಕೊಡ್ತೀಯಾ?"

ಚೀಲದಿಂದ ಕತ್ತರಿ ತೆಗೆದು ಮಗಳ ಮುಂದಿಟ್ಟೆ. ಬಟ್ಟೆಗೆ ತಾಗಿಸಬೇಡ, ಗಂಟನ್ನಷ್ಟೇ ಕತ್ತರಿಸು ಎಂದು ಹೇಳಿ, ಮೆಟ್ರೋ ಹಿಡಿಯಲು ಹೊರಟೆ.