ಬಂದ ಬಾಗಿಲ ಕಡೆ ತಿರುಗಿದ ಗೂಳಿ

ಕೋಡಿಹಳ್ಳಿಯ ನಮ್ಮ ಭಾವನ ತೊಡೆಗೆ ಅವರೇ ಸಾಕಿದ ಹೋರಿ ಹಾಯ್ದುಬಿಟ್ಟಿತು. ಆಳವಾದ ಗಾಯ. ಆಸ್ಪತ್ರೆಯಿಂದ ಮನೆಗೆ ಬಂದವರೇ ದಲ್ಲಾಳಿಗೆ ಫೋನ್ ಮಾಡಿದರು. 'ಕಟುಕರಿಗಾದ್ರೂ ಕೊಡು. ನನ್ ಕಣ್ಣೆದುರು ಇರಬಾರ್ದು.'

ನೋಡಿಕೊಂಡು ಬರೋಣ ಎಂದು ಕಳೆದ ಭಾನುವಾರ ಹೋಗಿದ್ದೆ. ದಲ್ಲಾಳಿ ಮರುದಿನ ಬರುವವನಿದ್ದ. ನನ್ನ ಬ್ಯಾಗಿನಲ್ಲಿ ಗೆಳೆಯ ಕೊಟ್ಟ ಒಂದು ಸಿಡಿ ಇತ್ತು. ಸಿನಿಮಾ ಹುಟ್ಟಿದ ಹೊಸತರಲ್ಲಿ ಸ್ಪೇನಿನಲ್ಲಿ ತೆಗೆದ ಗೂಳಿ ಕಾಳಗದ ಮೂಕಿ ಚಿತ್ರ. ಮಲಗಿ ಬೇಸತ್ತಿದ್ದ ಭಾವ 'ಹಾಕು ಕಣ್ಲಾ, ಒಸಿ ನೋಡಾಣ' ಅಂದರು. (ಹೋರಿ ಹಾಯ್ದವರಿಗೆ ತೋರಿಸುವ ಚಿತ್ರವೇ ಅದು? ಅಕ್ಕ ಬೈದಳು. ನ್ಯಾಯವೇ.)

ಮಾತಿಲ್ಲ, ಬಣ್ಣವಿಲ್ಲ. ಟೋಪಿಯ ಜನ ಕೀಲಿಗೊಂಬೆಗಳ ಹಾಗೆ ದಡಬಡ ನಡೆಯುತ್ತಿದ್ದರು. ನಗು ಬಂತು. ಗೂಳಿ ಬಂದ ಮೇಲೆ ನಗು ನಿಂತಿತು. ಅದು ಈಟಿ ಹಿಡಿದು ಎದುರಾದ ಸವಾರನ ಕುದುರೆಯ ಹೊಟ್ಟೆ ಸೀಳಿತು. ಜನ ಎದ್ದು ಚಪ್ಪಾಳೆ ತಟ್ಟಿದರು. ಸದ್ದೇ ಇಲ್ಲದ ಚಪ್ಪಾಳೆ! ಗೂಳಿಯ ಹೆಗಲಿಗೆ ಈಟಿ ಚುಚ್ಚಿದರು. ರಕ್ತ ಕಪ್ಪಗೆ ಇಳಿಯಿತು.

'ಅದ್ಯಾಕೆ ಆ ಕಡೆಗೇ ತಿರುಗ್ತೈತೆ?' ಅಕ್ಕ ಕೇಳಿದಳು.

ಹೌದಲ್ಲ! ಒಂದಿಷ್ಟು ನುಗ್ಗುವುದು, ಮತ್ತೆ ಮುಚ್ಚಿದ ಬಾಗಿಲೊಂದರ ಬಳಿ ಹೋಗಿ ನಿಲ್ಲುವುದು.

'ಅದು ಬಂದ ಬಾಗ್ಲು ಕಣೆ' ಅಂದರು ಭಾವ.

ಕಾಳಗದವನ ಕತ್ತಿ ಗೂಳಿಯ ಬೆನ್ನಿಗೆ ಇಳಿಯಿತು. ಗೂಳಿ ಮಂಡಿಯೂರಿ ಬಿತ್ತು. ಅದರ ಕೊಂಬಿಗೆ ಹಗ್ಗ ಬಿಗಿದು ಎಳೆದೊಯ್ದರು. ಚಿತ್ರ ಮುಗಿದರೂ ಭಾವ ಪರದೆ ನೋಡುತ್ತಲೇ ಇದ್ದರು. ಆಮೇಲೆ ಮೆಲ್ಲಗೆ ಹೇಳಿದರು:

'ಅವತ್ತು ಕ್ವಾರೀಲಿ ಬಂಡೆ ಸಿಡಿಸಿದ್ರು ಕಣ್ಲಾ. ನಮ್ ಹೋರಿ ಹಗ್ಗ ಕಿತ್ಕಂಡು ಹೊಲದಿಂದ ಓಡ್ಬಂತು. ಕೊಟ್ಟಿಗೆ ಬಾಗ್ಲಲ್ಲಿ ನಾನು ದೊಣ್ಣೆ ಎತ್ಕಂಡು ಅಡ್ಡ ನಿಂತೆ. ಅದು ಮನೇಗೆ ಬತ್ತಿತ್ತು, ಅಷ್ಟೇಯ.'

'ನಾಳೆ ನನ್ ಮೇಲೆ ಬಂದ್ರೆ?' ಅಕ್ಕನಿಗೆ ಸಿಟ್ಟು.

'ನೀನು ಹತ್ರ ಹೋಗ್ಬ್ಯಾಡ. ನಾನೇ ನೋಡ್ಕತೀನಿ.'

ದಲ್ಲಾಳಿಗೆ ಮತ್ತೆ ಫೋನ್ ಹೋಯಿತು. 'ಬರ್ಬ್ಯಾಡ ಕಣಪ್ಪ. ಕೊಡಾಕಿಲ್ಲ.'

ಅಕ್ಕನ ಭಯ ಹೋಗಿಲ್ಲ. ಅದು ತಪ್ಪೂ ಅಲ್ಲ. ಭಾವ ಕುಂಟುತ್ತಾ ಹೋಗಿ, ದೂರದಿಂದಲೇ ಹುಲ್ಲು ಎಸೆಯುತ್ತಾರೆ. ಅವರಿಗೂ ಒಳಗೊಳಗೇ ಅಳುಕು. ಕ್ವಾರಿಯ ಸದ್ದು ನಿಂತಿಲ್ಲ. ನಮ್ಮ ಸೀಮೆಯ ಬೆಟ್ಟಗಳು ಲಾರಿ ಹತ್ತಿ ಹೋಗುತ್ತಲೇ ಇವೆ.

ಹೆದರಿ ಓಡಿಬಂದವರನ್ನು ನಾವು ಎಷ್ಟು ಸಲ 'ಮೈಮೇಲೆ ಬಿದ್ದವರು' ಅಂದುಕೊಂಡಿದ್ದೇವೆ?