ಭಟ್ಟಿಯ ಹೊಗೆಯಲ್ಲಿ ನನ್ನ ರಾಕೆಟ್

ಅರವತ್ತರ ದಶಕದ ಮಾತು. ದಾವಣಗೆರೆಯ ಕಾಲೇಜೊಂದರಲ್ಲಿ ಭೌತಶಾಸ್ತ್ರ ಹೇಳುತ್ತಿದ್ದ ನನಗೆ ದೇಶದ ಬಾಹ್ಯಾಕಾಶ ಸಮಿತಿಯಿಂದ ಒಂದು ಕಾಗದ ಬಂತು. ಕೇರಳದ ಕಡಲತೀರದಿಂದ ಮುಸ್ಸಂಜೆಗೆ ರಾಕೆಟ್ ಹಾರಿಸುತ್ತಾರಂತೆ. ಅದು ಮೇಲೆ ಹೋಗಿ ಕಿತ್ತಳೆ ಬಣ್ಣದ ಆವಿ ಬಿಡುತ್ತದಂತೆ. ಬಹಳ ಎತ್ತರದ ಗಾಳಿ ಯಾವ ಕಡೆ ಬೀಸುತ್ತದೆಂದು ತಿಳಿಯಲು ನಾನು ಆ ಆವಿಯ ಫೋಟೊ ತೆಗೆದು ಕಳಿಸಬೇಕಂತೆ. ಅಬ್ಬಾ, ಆ ವಾರ ನನ್ನ ನಡಿಗೆ ನೋಡಬೇಕಿತ್ತು! ನಾನಿಲ್ಲದೆ ರಾಕೆಟ್ ನೆಲ ಬಿಡುವುದೇ ಇಲ್ಲ ಎಂಬಂತೆ ಓಡಾಡಿದೆ.

ಯೋಜನೆಯ ಫಾರಂನಲ್ಲಿ ವೀಕ್ಷಣೆಯ ಸ್ಥಳ ಎಂಬಲ್ಲಿ ಕಾಲೇಜಿನ ಮಾಳಿಗೆ ಎಂದು ಬರೆದೆ. ಹರಿಹರದ ಹೊಳೆದಂಡೆ ಇನ್ನೂ ಒಳ್ಳೆಯದಿತ್ತು, ಆದರೆ ಬಸ್ಸಿನಲ್ಲಿ ನೂಕಾಡುವವರು ಯಾರು? ಮಾಳಿಗೆಯ ದಕ್ಷಿಣಕ್ಕೇ ಒಂದು ಮಂಡಕ್ಕಿ ಹುರಿಯುವ ಭಟ್ಟಿ ಇದೆ, ಸಂಜೆಯಾದರೆ ಭತ್ತದ ಹೊಟ್ಟಿನ ಹೊಗೆ ಆ ಕಡೆಯ ಆಕಾಶವನ್ನೇ ನುಂಗುತ್ತದೆ ಎಂಬುದು ಸಹಿ ಹಾಕಿ ಕಳಿಸಿದ ಮೇಲೆ ನೆನಪಾಯಿತು.

ಹೋಗಿ ಭಟ್ಟಿಯಾಕೆಯ ಕೈಕಾಲು ಹಿಡಿದೆ.

"ಅಲ್ರೀ ಮೇಷ್ಟ್ರೇ, ಅವ್ರು ಅಲ್ಲೆಲ್ಲೋ ಬಾಣ ಬಿಟ್ರೆ ನಾನಿಲ್ಲಿ ಒಲೆ ಯಾಕ ಆರಿಸ್ಬೇಕ್ರಿ?" ಎಂದಳು. ದೇಶದ ಕೆಲಸ ಎಂದ ಮೇಲೆ ಗೊಣಗುತ್ತಲೇ ಒಪ್ಪಿದಳು.

ತಂತಿ ಬಂತು: ಇವತ್ತು. ಭಟ್ಟಿ ಆರಿತು. ಸಂಜೆಯ ಮಂಡಕ್ಕಿ ಸಿಗದೆ ಇಡೀ ಓಣಿ ನನಗೆ ಶಾಪ ಹಾಕಿತು. ರಾಕೆಟ್ ಮಾತ್ರ ಹಾರಲಿಲ್ಲ. ಮುಂದೂಡಿದ್ದೇವೆ ಎಂದು ಇನ್ನೊಂದು ತಂತಿ ಬಂತು. ಮರುದಿನವೂ ಅದೇ ರಾಗ. ಮೂರನೆಯ ದಿನ ಮತ್ತೆ 'ಇವತ್ತು' ಎಂದು ತಂತಿ ಬಂದಾಗ ನನ್ನ ತಲೆ ಕೆಟ್ಟುಹೋಯಿತು. "ಹಚ್ಚು ತಾಯೀ ನಿನ್ನ ಒಲೆ, ಅದು ಈ ಜನ್ಮದಲ್ಲಿ ಹಾರಲ್ಲ" ಎಂದೆ.

ಹಾರಿತು.

ನಾನು ಶಾಸ್ತ್ರಕ್ಕೆಂದು ಮಾಳಿಗೆಯ ಮೇಲೆ ಹೊಗೆಯಲ್ಲಿ ಕೆಮ್ಮುತ್ತ, ಹೊತ್ತಿಗೆ ಸರಿಯಾಗಿ ಕ್ಯಾಮೆರಾ ಒತ್ತುತ್ತ ಕೂತಿದ್ದೆ. ಕೆಳಗಿಳಿದರೆ ಭಟ್ಟಿಯಾಕೆ ಮುಖವರಳಿಸಿಕೊಂಡು ನಿಂತಿದ್ದಳು. ಹೊಟ್ಟು ತರಲು ಹೊಗೆಯಾಚೆಯ ಬಯಲಿಗೆ ಹೋದವಳು ಎಲ್ಲವನ್ನೂ ನೋಡಿಬಿಟ್ಟಿದ್ದಳು!

"ಏನ್ ಚಂದ ಇತ್ರೀ! ಮೊದ್ಲು ನೆಟ್ಟಗೆ ಕುಂಕುಮದ ಗೀಟು. ಆಮ್ಯಾಲೆ ಮೇಲಿಂದು ಈ ಕಡೆ, ಕೆಳಗಿಂದು ಆ ಕಡೆ ಸೊಟ್ಟ ಆತು."

"ನನ್ನ ಕರೀಬಾರದಿತ್ತಾ?"

"ನೀವು ಮಾಳಿಗೆ ಮ್ಯಾಲೆ ಇದ್ರಲ್ರಿ, ನೋಡ್ತಿರ್ತೀರಿ ಅನ್ಕಂಡೆ."

ನನ್ನ ಫಿಲ್ಮಿನಲ್ಲಿ ಬರೀ ಹೊಗೆ. ಸಮಿತಿಗೆ ಯಾವ ಮುಖ ತೋರಿಸಲಿ? ಮರುದಿನ ಆಕೆಯನ್ನು ಅದೇ ಬಯಲಿಗೆ ಕರೆದೊಯ್ದೆ. ಆ ಗೀಟು ದೂರದ ಗಿರಣಿಯ ಚಿಮಣಿಗಿಂತ ಎಷ್ಟು ಎಡಕ್ಕೆ, ಎಷ್ಟು ಮೇಲೆ ಎಂದು ಸಟ್ಟುಗ ಎತ್ತಿ ತೋರಿಸಿದಳು. ನಾನು ಚಿತ್ರ ಬರೆದುಕೊಂಡೆ. ವೀಕ್ಷಿಸಿದವರು ಎಂಬಲ್ಲಿ ನನ್ನ ಹೆಸರು ಹಾಕಿ ಸಮಿತಿಗೆ ಕಳಿಸಿದೆ. ನಾಚಿಕೆಗೆಟ್ಟವನು, ಇನ್ನೇನು!

ಸ್ವಲ್ಪ ದಿನಕ್ಕೆ ಮೆಚ್ಚುಗೆಯ ಕಾಗದ ಬಂತು. ಬೇರೆ ಕಡೆ ಮೋಡವಿತ್ತು, ನಿಮ್ಮ ಚಿತ್ರದಿಂದ ಬಹಳ ಉಪಯೋಗವಾಯಿತು ಎಂದಿತ್ತು. ಸಂತೋಷ ತಡೆಯಲಾರದೆ ಓಡಿಹೋಗಿ ಭಟ್ಟಿಯಾಕೆಗೇ ಓದಿ ಹೇಳಿದೆ.

"ನನ್ನ ಹೆಸ್ರು ಎಲ್ಲೈತ್ರಿ ಇದ್ರಾಗೆ?"

ನಾನು ಕಾಗದ ಮಡಚತೊಡಗಿದೆ. ಆಕೆ ಒಂದು ಗಳಿಗೆ ನನ್ನನ್ನೇ ನೋಡಿದಳು. ಆಮೇಲೆ ಕಾಗದವನ್ನು ನನ್ನ ಕೈಯಿಂದ ತೆಗೆದುಕೊಂಡು, ಪೊಟ್ಟಣ ಸುತ್ತಿ, ಖಾರ ಮಂಡಕ್ಕಿ ತುಂಬಿ ಕೊಟ್ಟಳು.

"ತಗೋರಿ. ಅಷ್ಟೊತ್ತು ನೋಡಿದೋರು ನೀವಲ್ಲೇನು? ದಣಿದಿರ್ತೀರಿ."

ಅಲ್ಲೇ ನಿಂತು ಪೂರ್ತಿ ತಿಂದೆ. ಕಣ್ಣಲ್ಲಿ ನೀರು ಬಂತು. ಖಾರ ಜಾಸ್ತಿಯಾಯಿತೇ ಎಂದು ಆಕೆ ಕೇಳಲೂ ಇಲ್ಲ.